ದೂರಗಣಕಗಳ ನಡುವೆ ಕಡತಗಳ ಸುರಕ್ಷಿತ ರವಾನೆ: ದೋಷನಿದಾನ

'ಕಡತ' ಎಂಬುದು ಕನ್ನಡಿಗರಿಗೆ ಹೊಸ ಶಬ್ದವಲ್ಲ. ಬಟ್ಟೆಗೆ ಹುಣಿಸೆಬೀಜದ ಅಂಟನ್ನೂ ಇದ್ದಲಿನ ಪುಡಿಯನ್ನೂ ಬಳಿದು, ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಚಿ, ಬಳಪದಿಂದ ಬರೆಯುತ್ತಿದ್ದ ಪುಸ್ತಕವನ್ನು ಪೂರ್ವಿಕರು ಕಡತವೆಂದು ಕರೆದರು. ಮಠಮಾನ್ಯಗಳ ಲೆಕ್ಕಪತ್ರಗಳೂ ಊರಿನ ಜಮಾಖರ್ಚುಗಳೂ ಅದರಲ್ಲಿ ಇರುತ್ತಿದ್ದುವು. ಮುಂದೆ ಕಚೇರಿಯ ಕಾಗದಗಳ ಕಟ್ಟಿಗೆ ಆ ಹೆಸರು ಸಂದಿತು. ಈಗ ಗಣಕಯಂತ್ರದ ಫೈಲಿಗೂ ಅದೇ ಹೆಸರು ಬಂದಿದೆ. ಹೆಸರು ಉಚಿತವಾಗಿಯೇ ಇದೆ. ಹಳೆಯ ಕಡತವು ಒದ್ದೆಬಟ್ಟೆಯ ಒಂದು ಒರಸಿಗೆ ಅಳಿಯುತ್ತಿದ್ದಿತು. ಹೊಸ ಕಡತವು ಬೆರಳ ತುದಿಯ ಒಂದು ಒತ್ತಿಗೆ ಅಳಿಯುತ್ತದೆ.

ಈ ಅಳಿವಿನ ಮಾತನ್ನು ಇಲ್ಲಿ ಮೊದಲೇ ಎತ್ತಿರುವುದಕ್ಕೆ ಕಾರಣವುಂಟು. ಮಠಗಳ ಗ್ರಂಥಭಂಡಾರಗಳಲ್ಲಿರುವ ಓಲೆಗರಿಯ ಕಟ್ಟುಗಳನ್ನು ಛಾಯಾಚಿತ್ರಕ್ಕೆ ಇಳಿಸಿ, ಆ ಚಿತ್ರಗಳನ್ನು ದೂರದ ಊರಿನಲ್ಲಿ, ಕೆಲವೊಮ್ಮೆ ದೂರದ ದೇಶದಲ್ಲಿ, ಹಳೆಯ ವಿದ್ಯಾರ್ಥಿಗಳು ನೋಡಿಕೊಳ್ಳುವ ಗಣಕಯಂತ್ರಕ್ಕೆ ಕಳುಹಿಸಿ ಇಡುವ ಕಾರ್ಯ ಇಂದು ಹಲವೆಡೆ ನಡೆಯಬಲ್ಲದು. ಜೀರ್ಣವಾದ ಗರಿಯು ಒಮ್ಮೆ ಬಿಚ್ಚಿದಾಗಲೇ ಅಂಚು ಉದುರುತ್ತದೆ. ಎರಡನೆಯ ಬಾರಿ ಬಿಚ್ಚಿದಾಗ ಅಕ್ಷರವೇ ಉದುರಬಹುದು. ಚಿತ್ರ ತೆಗೆದ ಗಣಕದಲ್ಲಿ ಸ್ಥಳ ಸಾಲದೆ, 'ಹೇಗೂ ಕಳುಹಿಸಿಯಾಯಿತಲ್ಲ' ಎಂದು ಮೂಲವನ್ನು ಅಳಿಸಿ ಮುಂದಿನ ಕಟ್ಟಿಗೆ ಕೈಹಾಕುವುದು ಸಹಜ. ಆಚೆ ತಲುಪಿದ ಕಡತ ಅರ್ಧವೇ ಇದ್ದರೆ, ಅಥವಾ ತೆರೆಯಲು ಬಾರದಿದ್ದರೆ, ಅದು ತಿಳಿಯುವುದು ಎಷ್ಟೋ ವರ್ಷಗಳ ಮೇಲೆ, ಯಾರೋ ಸಂಶೋಧಕರು ಆ ಗರಿಯನ್ನು ಕೇಳಿದಾಗ. ಅಷ್ಟು ಹೊತ್ತಿಗೆ ಗರಿಯೂ ಇಲ್ಲ, ಚಿತ್ರವೂ ಇಲ್ಲ. ಆದುದರಿಂದ ರವಾನೆಯ ದೋಷಗಳನ್ನು ಅರಿಯುವುದು ಯಂತ್ರಜ್ಞರಿಗೆ ಮಾತ್ರ ಸೇರಿದ ವಿಷಯವಲ್ಲ. ಯಂತ್ರವನ್ನು ಕೊಡಿಸಿದ ದಾನಿಗಳಿಗೂ, ಅದನ್ನು ಬಳಸುವ ಉಪಾಧ್ಯಾಯರಿಗೂ ಅದರ ಸ್ಥೂಲ ಪರಿಚಯವಾದರೂ ಇರತಕ್ಕದ್ದು.

ಮೊದಲು ಸ್ವಲ್ಪ ಪೂರ್ವಕಥೆ. ಜಾಲದ ಮೂಲಕ ಕಡತವನ್ನು ಕಳುಹಿಸುವ 'ಎಫ್.ಟಿ.ಪಿ.' ಎಂಬ ವಿಧಿಯ ಮೊದಲ ಕರಡನ್ನು ೧೯೭೧ರ ಏಪ್ರಿಲ್ ತಿಂಗಳಲ್ಲಿ ಬರೆದವರು ಅಭಯ ಭೂಷಣ್. ಕಾನ್ಪುರದ ಐ.ಐ.ಟಿ.ಯ ಮೊದಲ ತಂಡದಲ್ಲಿ ಓದಿ ಅಮೆರಿಕದ ಎಂ.ಐ.ಟಿ.ಗೆ ಹೋದ ಭಾರತೀಯರು ಅವರು. ಆ ಕಾಲದ ಜಾಲದಲ್ಲಿ ಇದ್ದವರು ಪರಸ್ಪರ ಪರಿಚಿತರಾದ ಕೆಲವೇ ವಿದ್ವಾಂಸರು. ಬಾಗಿಲಿಗೆ ಅಗಳಿ ಬೇಕೆಂದು ಯಾರಿಗೂ ತೋರಲಿಲ್ಲ. ಹೀಗಾಗಿ ಆ ವಿಧಿಯಲ್ಲಿ ಕಡತವೂ, ಅದನ್ನು ಕಳುಹಿಸುವವನ ಹೆಸರೂ, ಅವನ ಪಾಸ್‌ವರ್ಡೂ ತೆರೆದ ಅಂಚೆಕಾರ್ಡಿನಂತೆ ಹೋಗುತ್ತಿದ್ದುವು. ನಡುದಾರಿಯಲ್ಲಿ ನಿಂತವನು ಓದಿಕೊಳ್ಳಬಹುದಾಗಿತ್ತು. ಓದಿಯೂ ಓದಿದರು. ೧೯೯೫ರಲ್ಲಿ ಫಿನ್ಲೆಂಡ್ ದೇಶದ ಹೆಲ್ಸಿಂಕಿ ತಾಂತ್ರಿಕ ವಿಶ್ವವಿದ್ಯಾಲಯದ ಜಾಲದಲ್ಲಿ ಪಾಸ್‌ವರ್ಡುಗಳ ಕಳವು ನಡೆದಾಗ, ಅಲ್ಲಿದ್ದ ತಾತು ಯ್ಲೋನೆನ್ ಎಂಬುವರು ಎಲ್ಲವನ್ನೂ ಗೂಢಲಿಪಿಯಲ್ಲಿ ಅಡಗಿಸಿ ಒಯ್ಯುವ 'ಎಸ್.ಎಸ್.ಎಚ್.' ಎಂಬ ವಿಧಿಯನ್ನು ರಚಿಸಿ ಆ ವರ್ಷದ ಜುಲೈ ತಿಂಗಳಲ್ಲಿ ಲೋಕಕ್ಕೆ ಉಚಿತವಾಗಿ ಕೊಟ್ಟರು. ಪ್ರತಿಯೊಂದು ಸೇವೆಗೂ ಗಣಕದಲ್ಲಿ ಒಂದು ದ್ವಾರಸಂಖ್ಯೆ ಉಂಟು. ಹಳೆಯ ಎಫ್.ಟಿ.ಪಿ.ಯದು ೨೧, ದೂರದಿಂದ ಆಜ್ಞೆ ಕೊಡುವ ಟೆಲ್‌ನೆಟ್‌ನದು ೨೩. ಇವೆರಡನ್ನೂ ಮನೆಗೆ ಕಳುಹಿಸಬೇಕೆಂದಿದ್ದ ಯ್ಲೋನೆನ್ ಅವರು ನಡುವೆ ಖಾಲಿಯಿದ್ದ ೨೨ನ್ನು ಬೇಡಿ ಪಡೆದರು. ೧೯೯೯ರಲ್ಲಿ ಓಪನ್‌ಬಿಎಸ್‌ಡಿ ತಂಡದವರು ಸಿದ್ಧಗೊಳಿಸಿದ 'ಓಪನ್ ಎಸ್.ಎಸ್.ಎಚ್.' ಎಂಬ ಮುಕ್ತ ಆವೃತ್ತಿಯೇ ಇಂದು ಬಹುತೇಕ ಸರ್ವರುಗಳಲ್ಲಿರುವುದು.

ಇಲ್ಲಿ ಹೆಸರಿನಿಂದ ಆಗುವ ಒಂದು ಭ್ರಾಂತಿಯನ್ನು ತೆಗೆದುಹಾಕಬೇಕು. 'ಎಸ್.ಎಫ್.ಟಿ.ಪಿ.' ಎಂಬುದು ಎಸ್.ಎಸ್.ಎಚ್.ನ ಒಡಲೊಳಗೆ ಓಡಾಡುವ ಕಡತವಿಧಿ. 'ಎಫ್.ಟಿ.ಪಿ.ಎಸ್.' ಎಂಬುದು ಹಳೆಯ ಎಫ್.ಟಿ.ಪಿ.ಗೇ ಹೊದಿಸಿದ ರಕ್ಷೆ. ಅಕ್ಷರಗಳು ಅವೇ, ಸ್ಥಾನ ಮಾತ್ರ ಪಲ್ಲಟವಾಗಿದೆ. ಆದರೆ ಕುಲ ಬೇರೆ, ದ್ವಾರ ಬೇರೆ. ಒಂದು ಕಡೆಯವರು ಒಂದನ್ನೂ ಇನ್ನೊಂದು ಕಡೆಯವರು ಮತ್ತೊಂದನ್ನೂ ಆರಿಸಿಕೊಂಡು ದಿನವಿಡೀ ಬಳಲುವುದುಂಟು. ಅಕ್ಷರಪಲ್ಲಟದಿಂದ ಅರ್ಥಪಲ್ಲಟವಾಗುವುದಕ್ಕೆ ವ್ಯಾಕರಣ ಪಾಠದಲ್ಲಿ ಈ ಉದಾಹರಣೆಯನ್ನೂ ಸೇರಿಸಬಹುದು.

ಇನ್ನು ನಿದಾನಕ್ಕೆ ಬರೋಣ. ವೈದ್ಯನು ಮೊದಲು ಕೇಳುವುದು 'ಎಲ್ಲಿ ನೋವು' ಎಂದು. ರವಾನೆ ನಿಂತಾಗಲೂ ಮೊದಲು ಕೇಳಬೇಕಾದುದು 'ಎಲ್ಲಿಯವರೆಗೆ ಹೋಗಿ ನಿಂತಿತು' ಎಂದು. ದಾರಿಯೇ ಸಿಗಲಿಲ್ಲವೋ, ಬಾಗಿಲಲ್ಲಿ ತಡೆದರೋ, ಒಳಗೆ ಹೋದ ಮೇಲೆ ಮಾತು ಕೂಡಲಿಲ್ಲವೋ, ನಡುವೆ ಕಡಿಯಿತೋ, ಅಥವಾ ಎಲ್ಲವೂ ಸರಿಯಾಗಿ ಮುಗಿದು ಬಂದುದೇ ಕೆಟ್ಟಿತೋ, ಇದನ್ನು ನಿಶ್ಚಯಿಸಿಕೊಳ್ಳದೆ ಔಷಧಕ್ಕೆ ಕೈಹಾಕಬಾರದು. ಎಸ್.ಎಸ್.ಎಚ್. ಆಜ್ಞೆಯೊಡನೆ 'ವಿ' ಎಂಬ ಅಕ್ಷರದ ಸೂಚನೆಯನ್ನು ಸೇರಿಸಿದರೆ, ಯಂತ್ರವು ತಾನಿಡುವ ಒಂದೊಂದು ಹೆಜ್ಜೆಯನ್ನೂ ಬಾಯಿಬಿಟ್ಟು ಹೇಳುತ್ತದೆ. ಮೂರು ಬಾರಿ ಸೇರಿಸಿದರೆ ಸವಿಸ್ತಾರವಾಗಿ ಹೇಳುತ್ತದೆ. ಕೊನೆಯ ಸಾಲನ್ನಷ್ಟೇ ಓದಿ ಗಾಬರಿಯಾಗುವವರು ಈ ಹೆಜ್ಜೆಗಳನ್ನು ಓದಿದರೆ ಅರ್ಧ ಕೆಲಸ ಮುಗಿದಂತೆ.

ದಾರಿಯ ದೋಷಗಳನ್ನು ಬೇಗ ಮುಗಿಸಬಹುದು. 'ಕನೆಕ್ಷನ್ ರಿಫ್ಯೂಸ್ಡ್' ಎಂದು ಬಂದರೆ ಆ ವಿಳಾಸದಲ್ಲಿ ಯಾರೋ ಇದ್ದಾರೆ, ಉತ್ತರ ಕೊಟ್ಟಿದ್ದಾರೆ. ಆದರೆ ಆ ದ್ವಾರದಲ್ಲಿ ಕೇಳುವವರಿಲ್ಲ, ಇಲ್ಲವೆ ಕಾವಲಿನವನು ನೇರವಾಗಿ ನಿರಾಕರಿಸಿದ್ದಾನೆ ಎಂದು ತಿಳಿಯಬೇಕು. ಸೇವೆ ನಡೆಯುತ್ತಿದೆಯೇ, ದ್ವಾರಸಂಖ್ಯೆ ಸರಿಯೇ ಎಂದು ನೋಡತಕ್ಕದ್ದು. 'ಟೈಮ್ಡ್ ಔಟ್' ಎಂದು ಬಂದರೆ ಉತ್ತರವೇ ಇಲ್ಲ: ವಿಳಾಸ ತಪ್ಪಿರಬೇಕು, ಯಂತ್ರ ಆರಿರಬೇಕು, ಅಥವಾ ನಡುವಣ ಫೈರ್‌ವಾಲ್ ಸದ್ದಿಲ್ಲದೆ ಕರೆಯನ್ನು ನುಂಗುತ್ತಿರಬೇಕು. ಬಾಗಿಲು ತಟ್ಟಿದಾಗ 'ಇಲ್ಲ ಹೋಗು' ಎನ್ನುವುದಕ್ಕೂ, ಯಾರೂ ಓಗೊಡದಿರುವುದಕ್ಕೂ ಇರುವ ಅಂತರವೇ ಇಲ್ಲಿರುವುದು.

ಬಾಗಿಲಿನ ದೋಷಗಳಲ್ಲಿ ಎರಡು ಬಗೆ: ಆಚೆಯವರು ಯಾರೆಂಬ ಸಂಶಯ ಒಂದು, ಈಚೆಯವರು ಯಾರೆಂಬ ಸಂಶಯ ಮತ್ತೊಂದು. ಮೊದಲನೆಯದನ್ನು ವಿಸ್ತಾರವಾಗಿ ನೋಡಬೇಕು. ಏಕೆಂದರೆ ಅತ್ಯಂತ ವಿದ್ಯಾವಂತರೂ ಎಡವುವುದು ಇಲ್ಲಿಯೇ.

ವಚನಗಳ ಸಂಪಾದನೆಯಲ್ಲಿ ಪರಿಶ್ರಮವುಳ್ಳವರಿಗೆ ಅಂಕಿತದ ಮಹತ್ತ್ವ ಗೊತ್ತಿದೆ. 'ಕೂಡಲಸಂಗಮದೇವ' ಎಂದು ಕಂಡರೆ ಬಸವಣ್ಣನವರದೆಂದೂ 'ಗುಹೇಶ್ವರ' ಎಂದು ಕಂಡರೆ ಅಲ್ಲಮಪ್ರಭುಗಳದೆಂದೂ ಹೇಳುವುದು ರೂಢಿ. ಆದರೆ ಅಂಕಿತವು ಅಕ್ಷರಮಾತ್ರವಾದುದು. ಅದನ್ನು ಯಾರು ಬೇಕಾದರೂ ಬರೆಯಬಹುದು. ತಮ್ಮ ಮಾತಿಗೆ ಗೌರವ ಬರಲೆಂದು ಹಿರಿಯರ ಅಂಕಿತವನ್ನು ಹಚ್ಚಿದವರು ಇದ್ದುದರಿಂದಲೇ ಪ್ರಕ್ಷಿಪ್ತ ವಚನಗಳ ಪ್ರಶ್ನೆ ಹುಟ್ಟಿತು. ೧೯೨೩ರಲ್ಲಿ 'ವಚನಶಾಸ್ತ್ರಸಾರ'ದ ಮೊದಲ ಭಾಗವನ್ನು ಪ್ರಕಟಿಸಿದ ಫ. ಗು. ಹಳಕಟ್ಟಿಯವರಿಂದ ಮೊದಲ್ಗೊಂಡು ಮುಂದಿನ ಸಂಪಾದಕರೆಲ್ಲರೂ ಅಂಕಿತವೊಂದನ್ನೇ ನೆಚ್ಚದೆ ಪ್ರತಿಗಳನ್ನು ಹೋಲಿಸಬೇಕಾಯಿತು. ಗಣಕದ ವಿಳಾಸವೂ ಅಂಕಿತದಂತೆಯೇ. 'ನಾನೇ ಆ ಸರ್ವರ್' ಎಂದು ನಡುದಾರಿಯ ಯಾವ ಯಂತ್ರವಾದರೂ ಹೇಳಬಹುದು. ಆದುದರಿಂದ ಎಸ್.ಎಸ್.ಎಚ್.ನಲ್ಲಿ ಹೆಸರಿನ ಮಾತನ್ನು ನಂಬದೆ ಕೀಲಿಯ ಪರೀಕ್ಷೆಯನ್ನು ಇಟ್ಟಿದ್ದಾರೆ. ಪ್ರತಿ ಸರ್ವರಿಗೂ ಜೋಡಿ ಕೀಲಿ ಉಂಟು: ಒಂದು ಬಹಿರಂಗ, ಒಂದು ಗುಪ್ತ. ಗುಪ್ತಕೀಲಿಯಿಂದ ಹಾಕಿದ ಸಹಿಯನ್ನು ಬಹಿರಂಗಕೀಲಿಯಿಂದ ಯಾರು ಬೇಕಾದರೂ ಪರೀಕ್ಷಿಸಬಹುದು. ಗುಪ್ತಕೀಲಿಯಿಲ್ಲದವನು ಆ ಸಹಿಯನ್ನು ಹಾಕಲಾರ. ನಕಲು ಮಾಡಲಾಗದ ಅಂಕಿತವೆಂದರೆ ಇದು.

ಮೊದಲ ಸಲ ಸಂಪರ್ಕವಾದಾಗ ಯಂತ್ರವು ಆಚೆಯ ಕೀಲಿಯ 'ಬೆರಳಚ್ಚ'ನ್ನು ತೋರಿಸಿ, ಇದನ್ನು ನಂಬಬಹುದೇ ಎಂದು ಕೇಳುತ್ತದೆ. ಓದುವವರು ವಿರಳ, 'ಯೆಸ್' ಎಂದು ಬರೆಯುವವರು ಬಹಳ. ಆ ಕೀಲಿಯು ಪರಿಚಿತರ ಪಟ್ಟಿಯಲ್ಲಿ ಸೇರಿಹೋಗುತ್ತದೆ. ಮುಂದೊಂದು ದಿನ ಅದೇ ವಿಳಾಸದಿಂದ ಬೇರೆ ಕೀಲಿ ಬಂದರೆ ಯಂತ್ರವು ಪರದೆಯ ತುಂಬ ದೊಡ್ಡಕ್ಷರಗಳಲ್ಲಿ, ದೂರದ ಗಣಕದ ಗುರುತು ಬದಲಾಗಿದೆ, ಯಾರೋ ನಡುವೆ ನಿಂತು ಕದ್ದು ಕೇಳುತ್ತಿರಬಹುದು ಎಂದು ಕೂಗಿ ಹೇಳಿ ರವಾನೆಯನ್ನೇ ನಿಲ್ಲಿಸುತ್ತದೆ. ಪಟ್ಟಿಯಿಂದ ಹಳೆಯ ಸಾಲನ್ನು ಅಳಿಸಿದರೆ ಕೂಗು ನಿಲ್ಲುತ್ತದೆ. ಇದು ಎಲ್ಲರಿಗೂ ಗೊತ್ತಿರುವ ಉಪಾಯ, ಮತ್ತು ಅತ್ಯಂತ ಕೆಟ್ಟ ಉಪಾಯ. ನಾಯಿ ಬೊಗಳಿತೆಂದು ನಾಯಿಯನ್ನು ಅಟ್ಟಿದಂತೆ.

ಹಾಗೆಂದು ಪ್ರತಿ ಕೂಗೂ ಕಳ್ಳನಿಗಾಗಿಯೇ ಅಲ್ಲ. ಸರ್ವರಿನ ಡಿಸ್ಕ್ ಕೆಟ್ಟು ಎಲ್ಲವನ್ನೂ ಹೊಸದಾಗಿ ಸ್ಥಾಪಿಸಿದ್ದರೆ ಕೀಲಿ ಹೊಸದಾಗಿರುತ್ತದೆ. ೨೦೨೩ರ ಮಾರ್ಚ್ ೨೪ರಂದು ಗಿಟ್‌ಹಬ್ ಸಂಸ್ಥೆಯು ತನ್ನ ಒಂದು ಗುಪ್ತಕೀಲಿಯು ಸ್ವಲ್ಪ ಕಾಲ ಸಾರ್ವಜನಿಕವಾಗಿ ತೆರೆದುಹೋಗಿದ್ದುದನ್ನು ಕಂಡು ಅದನ್ನು ಬದಲಾಯಿಸಿತು. ಹಳೆಯ ಕೀಲಿಯನ್ನು ನೆನಪಿಟ್ಟಿದ್ದ ಗಣಕಗಳೆಲ್ಲ ಎಚ್ಚರಿಕೆಯನ್ನು ಮೊಳಗಿಸಿದುವು. ಆ ಎಚ್ಚರಿಕೆ ಸುಳ್ಳಲ್ಲ, ಕಾರಣ ಮಾತ್ರ ನಿರ್ದೋಷವಾದುದು. ಸಂಸ್ಥೆಯು ಹೊಸ ಬೆರಳಚ್ಚನ್ನು ಪ್ರಕಟಿಸಿ ಹೋಲಿಸಿಕೊಳ್ಳಲು ಹೇಳಿತು. ಸಣ್ಣ ಸಂಸ್ಥೆಗಳಲ್ಲೂ ಮಾರ್ಗ ಅದೇ. ಸರ್ವರ್ ನೋಡಿಕೊಳ್ಳುವವರಿಗೆ ದೂರವಾಣಿ ಮಾಡಿ, ಅವರ ದನಿಯನ್ನು ಗುರುತಿಸಿ, ಬೆರಳಚ್ಚಿನ ಅಕ್ಷರಗಳನ್ನು ಅವರು ಓದುತ್ತಿರಲು ಇವರು ಪರದೆಯ ಮೇಲೆ ತಾಳೆ ನೋಡಬೇಕು. ಇದಕ್ಕೆ ಹಿಡಿಯುವುದು ಎರಡು ನಿಮಿಷ. ಬೆರಳಚ್ಚನ್ನು ಕೇಳಲು ಅದೇ ಸಂಶಯಾಸ್ಪದ ಸಂಪರ್ಕವನ್ನೇ ಬಳಸಬಾರದೆಂದು ಬೇರೆ ಹೇಳಬೇಕಾಗಿಲ್ಲ.

ಎರಡನೆಯದು, ಈಚೆಯವರ ಗುರುತು. 'ಪರ್ಮಿಷನ್ ಡಿನೈಡ್' ಎಂಬ ಎರಡು ಮಾತುಗಳ ಹಿಂದೆ ಹತ್ತು ಕಾರಣಗಳು ಇರಬಲ್ಲುವು. ಬಳಕೆದಾರನಿಗೂ ಜೋಡಿ ಕೀಲಿಯೇ. ಬಹಿರಂಗಕೀಲಿಯ ಸಾಲನ್ನು ಸರ್ವರಿನ ಅಧಿಕೃತರ ಪಟ್ಟಿಯಲ್ಲಿ ಬರೆಯಿಸಬೇಕು, ಗುಪ್ತಕೀಲಿಯು ತನ್ನ ಗಣಕವನ್ನು ಬಿಟ್ಟು ಕದಲಬಾರದು. ಕೆಲವರು ಅವಸರದಲ್ಲಿ ಗುಪ್ತಕೀಲಿಯನ್ನೇ ಮಿಂಚಂಚೆಯಲ್ಲಿ ಕಳುಹಿಸಿಬಿಡುತ್ತಾರೆ. ಹಾಗಾದಲ್ಲಿ ಆ ಜೋಡಿಯನ್ನು ಬಿಸುಟು ಹೊಸದನ್ನು ಮಾಡಿಕೊಳ್ಳುವುದೊಂದೇ ಪ್ರಾಯಶ್ಚಿತ್ತ. ಕೀಲಿ ಸರಿಯಿದ್ದೂ ಸರ್ವರ್ ನಿರಾಕರಿಸುವುದಕ್ಕೆ ಬಹುಸಾಮಾನ್ಯ ಕಾರಣ ಅತಿಯಾದ ಔದಾರ್ಯ. ಕೀಲಿಪಟ್ಟಿ ಇರುವ ಕಪಾಟಾಗಲಿ ಬಳಕೆದಾರನ ಮನೆಕಪಾಟಾಗಲಿ ಅನ್ಯರು ಬರೆಯಲು ತೆರೆದಿದ್ದರೆ, ಆ ಪಟ್ಟಿಯನ್ನು ಯಾರೋ ತಿದ್ದಿರಬಹುದೆಂದು ಸರ್ವರ್ ಅದನ್ನು ಲೆಕ್ಕಕ್ಕೇ ಹಿಡಿಯುವುದಿಲ್ಲ. ಈಚೆಯಲ್ಲಿ ಗುಪ್ತಕೀಲಿಯನ್ನು ಅನ್ಯರು ಓದುವಂತಿದ್ದರೂ ಯಂತ್ರವು ಅದನ್ನು ಬಳಸಲೊಲ್ಲದು. ಕೀಲಿಗೆ ೬೦೦, ಅದರ ಕಪಾಟಿಗೆ ೭೦೦ ಎಂಬ ಅನುಮತಿಸಂಖ್ಯೆಗಳು, ಎಂದರೆ ಒಡೆಯನ ಹೊರತು ಇತರರಿಗೆ ಏನೂ ಇಲ್ಲವೆಂಬುದು, ಇಲ್ಲಿ ಸರಿ. ಸ್ವಾರಸ್ಯವೆಂದರೆ, ನಿರಾಕರಣೆಯ ನಿಜವಾದ ಕಾರಣವನ್ನು ಸರ್ವರ್ ತಟ್ಟಿದವನಿಗೆ ಹೇಳುವುದಿಲ್ಲ. ಕಳ್ಳನಿಗೆ ಸುಳಿವು ಕೊಟ್ಟಂತಾದೀತೆಂದು ತನ್ನ ದಿನಚರಿಯಲ್ಲಿ ಮಾತ್ರ ಬರೆದುಕೊಳ್ಳುತ್ತದೆ. ಆದುದರಿಂದ ಈ ದೋಷವನ್ನು ಒಂದೇ ತುದಿಯಿಂದ ಬಿಡಿಸಲು ಯತ್ನಿಸುವುದು ವೃಥಾಶ್ರಮ. ಆಚೆಯವರು ದಿನಚರಿಯನ್ನು ಓದಿ ಹೇಳಬೇಕು.

ಹಳಬರಿಗೂ ಹೊಸಬರಿಗೂ ಮಾತು ಕೂಡದಿರುವುದು ಇನ್ನೊಂದು ತೊಡಕು. ಗೂಢಲಿಪಿಯ ವಿಧಾನಗಳು ಕಾಲಕ್ರಮದಲ್ಲಿ ದುರ್ಬಲವಾಗುತ್ತವೆ. ಹೊಸ ಆವೃತ್ತಿಗಳು ಅವನ್ನು ಕೈಬಿಡುತ್ತವೆ. ಓಪನ್ ಎಸ್.ಎಸ್.ಎಚ್. ೨೦೧೫ರಲ್ಲಿ ಡಿ.ಎಸ್.ಎ. ಕೀಲಿಗಳನ್ನು ಬದಿಗಿಟ್ಟಿತು, ೨೦೨೧ರಲ್ಲಿ 'ಷಾ-೧' ಬಳಸುವ ಆರ್.ಎಸ್.ಎ. ಸಹಿಗಳನ್ನು ಬದಿಗಿಟ್ಟಿತು. ನಿನ್ನೆ ನಡೆಯುತ್ತಿದ್ದ ರವಾನೆ ಇಂದು ಬೆಳಗ್ಗೆ, ಯಾರೂ ಏನನ್ನೂ ಮುಟ್ಟದೆ, ನಿಂತುಹೋಗುವುದು ಹೀಗೆ: ರಾತ್ರಿ ಒಂದು ತುದಿಯ ಯಂತ್ರ ತಾನಾಗಿ ನವೀಕರಣಗೊಂಡಿರುತ್ತದೆ. ಹೊಸದರಲ್ಲಿ ಹಳೆಯ ವಿಧಾನವನ್ನು ಮತ್ತೆ ತೆರೆಯುವ ಉಪಾಯವಿದೆಯಾದರೂ ಅದು ತಾತ್ಕಾಲಿಕ. ಹಳೆಯ ತುದಿಯನ್ನು ಮೇಲೆತ್ತುವುದೇ ಯುಕ್ತ. ೨೦೨೨ರ ಏಪ್ರಿಲ್‌ನಿಂದ 'ಎಸ್.ಸಿ.ಪಿ.' ಆಜ್ಞೆಯೂ ಒಳಗೊಳಗೇ ಎಸ್.ಎಫ್.ಟಿ.ಪಿ. ವಿಧಿಯನ್ನೇ ಬಳಸತೊಡಗಿದೆ, ಆಚೆ ಎಸ್.ಎಫ್.ಟಿ.ಪಿ. ಇಲ್ಲದ ಹಳೆಯ ಯಂತ್ರವಿದ್ದರೆ ಅಲ್ಲಿಯೂ ಇದೇ ಗತಿ.

ಒಳಹೊಕ್ಕ ಮೇಲೆ ಎದುರಾಗುವ ಒಂದು ವಿಚಿತ್ರ ದೋಷವು ವಿವರಣೆಗೆ ಅರ್ಹವಾಗಿದೆ. ಸರ್ವರಿಗೆ ಬಂದವರನ್ನು ಸ್ವಾಗತಿಸಬೇಕೆಂಬ ಸದ್ಭಾವದಿಂದ ಕೆಲವರು ಅದರ ಆರಂಭದ ಆಜ್ಞಾಪಟ್ಟಿಯಲ್ಲಿ ಒಂದು ಒಕ್ಕಣೆಯನ್ನು ಬರೆದಿಡುತ್ತಾರೆ. ನಮ್ಮ ಕಡೆಯವರಾದರೆ 'ಶರಣು ಶರಣಾರ್ಥಿ' ಎಂದು ಬರೆದಾರು. ಮನುಷ್ಯನು ಒಳಬಂದಾಗ ಅದು ಚೆಂದವೇ. ಆದರೆ ಕಡತವನ್ನು ಒಯ್ಯಲು ಬರುವುದು ಯಂತ್ರ. ಎಸ್.ಎಫ್.ಟಿ.ಪಿ. ವಿಧಿಯಲ್ಲಿ ಬರುವ ಪ್ರತಿಯೊಂದು ಸಂದೇಶದ ಮೊದಲ ನಾಲ್ಕು ಬೈಟುಗಳು ಆ ಸಂದೇಶದ ಉದ್ದವನ್ನು ಹೇಳುವ ಸಂಖ್ಯೆ. ಯಂತ್ರವು ಸಂಖ್ಯೆಯನ್ನು ನಿರೀಕ್ಷಿಸುತ್ತಿರುವಾಗ 'ಶರಣು' ಬರುತ್ತದೆ. ಯೂನಿಕೋಡಿನ ರೂಢಿಯ ಬರವಣಿಗೆಯಲ್ಲಿ ಒಂದು ಕನ್ನಡ ಸಂಕೇತಕ್ಕೆ ಮೂರು ಬೈಟು. 'ಶ'ಕಾರದ ೨೨೪, ೧೭೮, ೧೮೨ ಎಂಬ ಮೂರೂ, 'ರ'ಕಾರದ ಮೊದಲನೆಯದಾದ ೨೨೪ ಎಂಬುದೂ ಸೇರಿ ನಾಲ್ಕಾದುವು. ಇವನ್ನು ಒಂದೇ ಸಂಖ್ಯೆಯಾಗಿ ಓದಿದರೆ ೩೭೬,೯೮,೦೮,೬೦೮. ಮುನ್ನೂರ ಎಪ್ಪತ್ತಾರು ಕೋಟಿಗೂ ಮಿಕ್ಕ ಬೈಟುಗಳ ಸಂದೇಶವೊಂದು ಬರುತ್ತಿದೆಯೆಂದು ಯಂತ್ರ ಬೆದರುತ್ತದೆ. ಅದು ಒಪ್ಪುವ ಪರಮಾವಧಿ ೨,೬೨,೧೪೪. 'ಸಂದೇಶ ಅತಿ ದೀರ್ಘವಾಗಿದೆ' ಎಂದು ಆ ದೊಡ್ಡ ಸಂಖ್ಯೆಯನ್ನು ಬರೆದು ಹೊರಟುಹೋಗುತ್ತದೆ. ಆಂಗ್ಲದಲ್ಲಿ 'ವೆಲ್‌ಕಮ್' ಎಂದಿದ್ದರೆ ಕಾಣುವುದು ೧೪೬,೬೨,೬೪,೬೭೫. ಹೀಗೆ ಪರದೆಯಲ್ಲಿ ಕಂಡ ಸಂಖ್ಯೆಯನ್ನು ಬಿಡಿಸಿ ಬೈಟುಗಳನ್ನಾಗಿ ಮಾಡಿದರೆ ಯಾವ ಮಾತು ಅಡ್ಡಬಂದಿತೆಂಬುದೇ ಹೊರಬೀಳುತ್ತದೆ. ಪರಿಹಾರ ಸುಲಭ: ಬಂದವನು ಮನುಷ್ಯನೆಂದು ಖಾತ್ರಿಯಾದಾಗ ಮಾತ್ರ ಸ್ವಾಗತ ನುಡಿಯುವಂತೆ ಆ ಪಟ್ಟಿಯಲ್ಲಿ ಒಂದು ನಿಬಂಧನೆಯನ್ನು ಸೇರಿಸಬೇಕು.

ನಡುವೆ ಕಡಿಯುವ ರವಾನೆಗೆ ಕಾರಣಗಳು ಹಲವು. ಒಳಬರುವುದು ಸುಲಭವಾಗಿ, ಕಡತ ಹೊರಟೊಡನೆ ನಿಶ್ಚಲವಾದರೆ ದಾರಿಯ ಅಗಲವನ್ನು ಸಂಶಯಿಸಬೇಕು. ಸಾಮಾನ್ಯ ಜಾಲದಲ್ಲಿ ಒಂದು ಪೊಟ್ಟಣ ೧೫೦೦ ಬೈಟುಗಳವರೆಗೆ ಇರಬಹುದು. ಕೆಲವು ಬ್ರಾಡ್‌ಬ್ಯಾಂಡ್ ಸಂಪರ್ಕಗಳಲ್ಲಿ ೧೪೯೨ ಮಾತ್ರ ನುಸುಳುತ್ತದೆ. ಚಿಕ್ಕ ಮಾತುಗಳು ಹಾಯುತ್ತವೆ, ತುಂಬಿದ ಪೊಟ್ಟಣ ಸಿಕ್ಕಿಕೊಳ್ಳುತ್ತದೆ. 'ಪೊಟ್ಟಣ ದೊಡ್ಡದಾಯಿತು' ಎಂಬ ಮರುಸುದ್ದಿಯನ್ನೂ ಯಾವುದೋ ಫೈರ್‌ವಾಲ್ ತಡೆದಿದ್ದರೆ ಕಳುಹಿಸುವವನಿಗೆ ತಿಳಿಯುವ ಬಗೆಯೇ ಇಲ್ಲ. ಡಿಸ್ಕ್ ತುಂಬಿದಾಗ ಎಸ್.ಎಫ್.ಟಿ.ಪಿ. ಬಹುವೇಳೆ 'ಫೇಲ್ಯೂರ್' ಎಂಬ ಒಂದೇ ಮಾತನ್ನಾಡುತ್ತದೆ. ಅದನ್ನು ಕಂಡವರು ಕೀಲಿಯನ್ನೂ ಜಾಲವನ್ನೂ ಶೋಧಿಸುವ ಮೊದಲು ಆಚೆ ಸ್ಥಳವಿದೆಯೇ ಎಂದು ಕೇಳುವುದು ಒಳ್ಳೆಯದು. ದೊಡ್ಡ ಕಡತಗಳಿಗೆ, ಮೇಲಿಂದ ಮೇಲೆ ವಿದ್ಯುತ್ತು ಹೋಗುವ ಊರುಗಳಿಗೆ, 'ಆರ್‌ಸಿಂಕ್' ಎಂಬ ಸಾಧನ ಹಿತವಾದುದು. ಆಸ್ಟ್ರೇಲಿಯದ ಆಂಡ್ರ್ಯೂ ಟ್ರಿಜೆಲ್ ಮತ್ತು ಪಾಲ್ ಮೆಕೆರಸ್ ೧೯೯೬ರಲ್ಲಿ ರಚಿಸಿದ ಅದು ಎರಡು ತುದಿಯ ಕಡತಗಳನ್ನು ತುಂಡುತುಂಡಾಗಿ ಹೋಲಿಸಿ, ಆಚೆ ಇಲ್ಲದ ಭಾಗವನ್ನು ಮಾತ್ರ ಕಳುಹಿಸಬಲ್ಲದು, ಎಸ್.ಎಸ್.ಎಚ್.ನ ಒಡಲಲ್ಲೇ ಸಾಗಬಲ್ಲದು. ಕಡಿದ ಕಡತವನ್ನು ಉಳಿಸಿಕೊಳ್ಳುವಂತೆ ಮೊದಲೇ ಆಜ್ಞೆಯಿತ್ತಿದ್ದರೆ ಮೊದಲಿಂದ ತೊಡಗುವ ಕಷ್ಟ ತಪ್ಪುತ್ತದೆ.

ಎಲ್ಲವೂ ಮುಗಿದು, ಬಂದ ಕಡತವೇ ಕೆಟ್ಟಿದ್ದರೆ? ಎಸ್.ಎಸ್.ಎಚ್.ನ ದಾರಿಯಲ್ಲಿ ಒಂದು ಬಿಟ್ ಪಲ್ಲಟವಾದರೂ ಅದು ಒಡನೆ ಅರಿತು ಸಂಪರ್ಕವನ್ನು ಕಡಿದುಹಾಕುತ್ತದೆ. ಆದುದರಿಂದ ದೋಷವನ್ನು ದಾರಿಯ ಹಿಂದೆ ಅಥವಾ ಮುಂದೆ ಹುಡುಕಬೇಕು. ಹಳೆಯ ಎಫ್.ಟಿ.ಪಿ.ಯಲ್ಲಿ ಮಾತ್ರ ಬೇರೊಂದು ಅನರ್ಥವಿತ್ತು. ಪಠ್ಯರೀತಿಯಲ್ಲಿ ಕಳುಹಿಸಿದರೆ ಅದು ಸಾಲಿನ ಕೊನೆಯ ಚಿಹ್ನೆಗಳನ್ನು ಆಯಾ ಯಂತ್ರಕ್ಕೆ ಒಗ್ಗುವಂತೆ, ೧೦ ಎಂಬ ಬೈಟನ್ನು ೧೩, ೧೦ ಎಂಬ ಜೋಡಿಯಾಗಿ, ಬದಲಾಯಿಸುತ್ತಿತ್ತು. ಚಿತ್ರದಲ್ಲಿ ೧೦ ಎಂಬುದು ಸಾಲಿನ ಕೊನೆಯಲ್ಲ, ಒಂದು ಬಣ್ಣದ ಅಂಶವಿರಬಹುದು, ಚಿತ್ರ ಹಾಳಾಗುತ್ತಿತ್ತು. ಈ ಪೀಡೆಯನ್ನು ಅರಿತೇ 'ಪಿ.ಎನ್.ಜಿ.' ಚಿತ್ರವಿಧಿಯ ನಿರ್ಮಾತೃಗಳು ಪ್ರತಿ ಕಡತದ ಮೊದಲ ಎಂಟು ಬೈಟುಗಳಲ್ಲಿ ೧೩, ೧೦ ಎಂಬ ಜೋಡಿಯನ್ನೂ ಒಂಟಿ ೧೦ನ್ನೂ ಬೇಕೆಂದೇ ಇಟ್ಟರು. ಯಾರಾದರೂ ತಿದ್ದಿದರೆ ಹೊಸ್ತಿಲಲ್ಲೇ ಸಿಕ್ಕಿಬೀಳುತ್ತದೆ.

ಛಂದಸ್ಸನ್ನು ಬಲ್ಲವರಿಗೆ ಇಂಥ ಕಾವಲು ಹೊಸದಲ್ಲ. ಕಂದಪದ್ಯದ ಒಂದು ಮತ್ತು ಮೂರನೆಯ ಪಾದಗಳಲ್ಲಿ ಹನ್ನೆರಡು ಹನ್ನೆರಡು, ಎರಡು ಮತ್ತು ನಾಲ್ಕನೆಯ ಪಾದಗಳಲ್ಲಿ ಇಪ್ಪತ್ತು ಇಪ್ಪತ್ತು, ಒಟ್ಟು ೬೪ ಮಾತ್ರೆಗಳು. ಮೇಲೆ ದ್ವಿತೀಯಾಕ್ಷರ ಪ್ರಾಸ. ಲಿಪಿಕಾರನು ಒಂದಕ್ಷರ ಬಿಟ್ಟರೆ ಲೆಕ್ಕ ತಪ್ಪಿ ಸಂಪಾದಕನಿಗೆ ತಿಳಿಯುತ್ತದೆ. ವಚನಕ್ಕೆ ಆ ಲೆಕ್ಕವಿಲ್ಲ. ಅದರ ಲಯ ಕಿವಿಗೆ ಗೊತ್ತು, ಎಣಿಕೆಗೆ ಸಿಗದು. ಆದುದರಿಂದಲೇ ವಚನಗಳ ಪಾಠನಿರ್ಣಯ ಕಂದವೃತ್ತಗಳದಕ್ಕಿಂತ ಕಠಿನ. ಆದರೆ ಕಂದದ ಕಾವಲೂ ಪೂರ್ಣವಲ್ಲ: ಸಮಮಾತ್ರೆಯ ಬೇರೊಂದು ಶಬ್ದವನ್ನು ಇಟ್ಟರೆ ಲೆಕ್ಕ ಸರಿಯಾಗಿಯೇ ಇರುತ್ತದೆ. ಗಣಕದಲ್ಲಿ ಬಳಸುವ 'ಷಾ-೨೫೬' ಎಂಬ ಮುದ್ರೆಗೆ ಈ ಕೊರತೆಯಿಲ್ಲ. ಕಡತ ಎಷ್ಟೇ ದೊಡ್ಡದಿರಲಿ, ಅದರಿಂದ ೬೪ ಅಕ್ಷರಗಳ ಒಂದು ಮುದ್ರೆ ಹೊರಡುತ್ತದೆ. ಕಂದದ ಮಾತ್ರೆಗಳೂ ಅಷ್ಟೇ ಎಂಬುದು ಕಾಕತಾಳೀಯ. ಕಡತದಲ್ಲಿ ಒಂದು ಬಿಂದು ಬದಲಾದರೆ ಮುದ್ರೆಯ ಅಕ್ಷರಗಳು ಪೂರ್ತಿ ಚೆದರಿ ಬೇರೆಯಾಗುತ್ತವೆ. ಹೊರಡುವ ಮುನ್ನ ಒಮ್ಮೆ, ತಲುಪಿದ ಬಳಿಕ ಒಮ್ಮೆ ಮುದ್ರೆ ತೆಗೆದು ಹೋಲಿಸಿದರೆ ಪ್ರತಿ ಅವಿಕಲವಾಗಿದೆಯೋ ಇಲ್ಲವೋ ಎಂಬುದು ನಿಸ್ಸಂದೇಹವಾಗಿ ತಿಳಿಯುತ್ತದೆ. ಮೂಲ ಚಿತ್ರವೇ ಮಸುಕಾಗಿದ್ದರೆ ಮುದ್ರೆ ಏನೂ ಹೇಳದು. ಮಸುಕಿನ ನಿಷ್ಕೃಷ್ಟ ಪ್ರತಿಯನ್ನು ಅದು ಸರಿಯೆಂದೇ ಒಪ್ಪುತ್ತದೆ. ಆ ಪರೀಕ್ಷೆಗೆ ಕಣ್ಣೇ ಬೇಕು.

ಕಡತದ ಹೆಸರಿನಲ್ಲೂ ಕನ್ನಡಕ್ಕೆ ವಿಶೇಷವಾದ ತೊಡಕುಗಳಿವೆ. ಲಿನಕ್ಸ್ ಯಂತ್ರಗಳಲ್ಲಿ ಹೆಸರಿಗೆ ೨೫೫ ಬೈಟುಗಳ ಮಿತಿ ಸಾಮಾನ್ಯ. ಸಂಕೇತಕ್ಕೆ ಮೂರರಂತೆ ೮೫ ಕನ್ನಡ ಸಂಕೇತಗಳಿಗೆ ಅದು ಮುಗಿಯುತ್ತದೆ. 'ಶ್ರೀ' ಎಂಬುದೊಂದಕ್ಕೇ ನಾಲ್ಕು ಸಂಕೇತ, ಹನ್ನೆರಡು ಬೈಟು. ಗುರುಪರಂಪರೆಯ ಬಿರುದಾವಳಿಯನ್ನೆಲ್ಲ ಹೆಸರಿನಲ್ಲಿ ಸೇರಿಸಿದ ಕಡತವು ಹೊರಡಲೊಲ್ಲದೆ ನಿಂತರೆ ಆಶ್ಚರ್ಯವಿಲ್ಲ. ಇನ್ನೊಂದು ತೊಡಕು ಸೂಕ್ಷ್ಮವಾದುದು. 'ಕೋಶ' ಎಂಬಲ್ಲಿಯ ಓತ್ವವನ್ನು ಒಂದೇ ಸಂಕೇತವಾಗಿ ಬರೆಯಬಹುದು. ಎತ್ವ, ಊತ್ವ, ದೀರ್ಘಚಿಹ್ನೆ ಎಂದು ಮೂರಾಗಿ ಬಿಡಿಸಿಯೂ ಬರೆಯಬಹುದು. ಕಣ್ಣಿಗೆ ಎರಡೂ ಒಂದೇ, ಯಂತ್ರಕ್ಕೆ ಬೇರೆ. ಮ್ಯಾಕ್ ಯಂತ್ರಗಳ ಹಳೆಯ ಕಡತವ್ಯವಸ್ಥೆಯು ಹೆಸರುಗಳನ್ನು ಬಿಡಿಸಿಯೇ ಇಡುತ್ತಿತ್ತು. ಅಲ್ಲಿಂದ ಬಂದುದೂ ಇಲ್ಲಿದ್ದುದೂ ಒಂದೇ ಹೆಸರಿನ ಎರಡು ಕಡತಗಳಾಗಿ ಕಂಡು, ಯಾವುದನ್ನು ಅಳಿಸಬೇಕೆಂದು ತಿಳಿಯದೆ ಎರಡರಲ್ಲಿ ಬೇಕಾದುದನ್ನೇ ಅಳಿಸಿದಂತಾಗಬಹುದು. ಕನ್ನಡದಲ್ಲಿ ಹೆಸರಿಡಬಾರದೆಂದು ಇದರ ಅರ್ಥವಲ್ಲ. ಕಡತಕ್ಕೆ ಕಟ್ಟಿನ ಸಂಖ್ಯೆ, ಗರಿಯ ಸಂಖ್ಯೆಗಳಷ್ಟನ್ನು ಅಂಕೆಗಳಲ್ಲಿ ಬರೆದು, ಗ್ರಂಥದ ಪೂರ್ಣ ಹೆಸರನ್ನು ಸೂಚಿಯಲ್ಲಿ ಕನ್ನಡದಲ್ಲೇ ಬರೆದರೆ ಎರಡೂ ನೆರವೇರುತ್ತವೆ. ಇನ್ನು, ಬಂದ ಕಡತವನ್ನು ತೆರೆದಾಗ ಕನ್ನಡದ ಬದಲು ಅರ್ಥವಿಲ್ಲದ ಆಂಗ್ಲ ಚಿಹ್ನೆಗಳು ಕಂಡರೆ ರವಾನೆಯನ್ನು ದೂರಬಾರದು. ಅದು ಯೂನಿಕೋಡಿಗೆ ಮುಂಚಿನ ಅಕ್ಷರವಿನ್ಯಾಸದಲ್ಲಿ ಬೆರಳಚ್ಚಾದ ಪಠ್ಯ, ಪರಿವರ್ತಕದಿಂದ ಸರಿಹೋಗುತ್ತದೆ.

ರಕ್ಷೆಯ ಯಂತ್ರವೇ ಕೆಟ್ಟ ಎರಡು ನಿದರ್ಶನಗಳನ್ನೂ ವಾಚಕರು ತಿಳಿದಿರುವುದು ಮೇಲು. ಡೆಬಿಯನ್ ಎಂಬ ಲಿನಕ್ಸ್ ವ್ಯವಸ್ಥೆಯಲ್ಲಿ ೨೦೦೬ರಲ್ಲಿ, ಪರೀಕ್ಷಾಸಾಧನವೊಂದು ತಪ್ಪೆಂದು ತೋರಿಸಿದ ಸಾಲನ್ನು, ಅದರ ಪ್ರಯೋಜನ ಅರಿಯದೆ, ತೆಗೆದುಹಾಕಿದರು. ಕೀಲಿಗೆ ಯಾದೃಚ್ಛಿಕತೆಯನ್ನು ತುಂಬುತ್ತಿದ್ದುದು ಅದೇ ಸಾಲು. ೨೦೦೮ರ ಮೇ ತಿಂಗಳಲ್ಲಿ ಇದು ಬಯಲಾದಾಗ, ಆ ಅವಧಿಯ ಕೀಲಿಗಳು ಒಂದೊಂದು ಬಗೆ ಹಾಗೂ ಅಳತೆಗೆ ೩೨,೭೬೭ರಷ್ಟೇ ಇರಲು ಸಾಧ್ಯವೆಂದು ಕಂಡುಬಂದಿತು. ಕಳ್ಳನು ಒಂದೊಂದನ್ನೇ ಹಾಕಿ ನೋಡಬಹುದಾಗಿತ್ತು. ಅರ್ಥವಾಗದ ಪಾಠವನ್ನು ಅಪಪಾಠವೆಂದು ತಿದ್ದುವ ಲಿಪಿಕಾರನ ದೋಷಕ್ಕೆ ಇದಕ್ಕಿಂತ ಬೇರೆ ದೃಷ್ಟಾಂತ ಬೇಡ. ಎರಡನೆಯದು ೨೦೨೪ರ ಮಾರ್ಚ್ ತಿಂಗಳದು. ಆಂದ್ರೆಸ್ ಫ್ರಾಯಿಂಡ್ ಎಂಬ ತಂತ್ರಜ್ಞರು ಎಸ್.ಎಸ್.ಎಚ್. ಮೂಲಕ ಒಳಬರಲು ಎಂದಿಗಿಂತ ಸುಮಾರು ಅರ್ಧ ಸೆಕೆಂಡು ಹೆಚ್ಚು ಹಿಡಿಯುತ್ತಿರುವುದನ್ನು ಗಮನಿಸಿ, ಏಕೆಂದು ಬೆನ್ನುಹತ್ತಿದರು. 'ಎಕ್ಸ್‌ಝಡ್' ಎಂಬ ಸಂಕುಚನಸಾಧನದ ೫.೬.೦ ಮತ್ತು ೫.೬.೧ನೆಯ ಆವೃತ್ತಿಗಳ ಒಳಗೆ, ವರ್ಷಗಟ್ಟಲೆ ವಿಶ್ವಾಸ ಗಳಿಸಿಕೊಂಡಿದ್ದ ಒಬ್ಬ ನಿರ್ವಾಹಕನ ಕೈಯಿಂದ, ಗುಪ್ತದ್ವಾರವೊಂದು ಸೇರಿಹೋಗಿದ್ದಿತು. ಬಹುಪಾಲು ಸರ್ವರುಗಳನ್ನು ಅದು ಮುಟ್ಟುವ ಮೊದಲೇ ಆ ಆವೃತ್ತಿಗಳನ್ನು ಹಿಂತೆಗೆದುಕೊಂಡರು. ಅರ್ಧ ಸೆಕೆಂಡನ್ನು 'ಜಾಲ ನಿಧಾನವಿರಬೇಕು' ಎಂದು ಬಿಟ್ಟಿದ್ದರೆ ಮುಂದಿನ ಕಥೆ ಬೇರೆಯಾಗುತ್ತಿತ್ತು.

ಮೇಲೆ ಹೇಳಿದ ಗ್ರಂಥಭಂಡಾರದ ಕಾರ್ಯಕ್ಕೆ ಇವೆಲ್ಲವೂ ಹೀಗೆ ಅನ್ವಯಿಸುತ್ತವೆ. ಒಂದು ಕಟ್ಟಿನ ಚಿತ್ರಗಳು ಸಿದ್ಧವಾದೊಡನೆ ಪ್ರತಿ ಚಿತ್ರದ ಮುದ್ರೆಯನ್ನು ತೆಗೆದು ಪಟ್ಟಿ ಮಾಡಬೇಕು. ಚಿತ್ರಗಳನ್ನು ಕಳುಹಿಸಿದ ಮೇಲೆ ಆಚೆಯವರು ತಮ್ಮಲ್ಲಿ ತಲುಪಿದ ಕಡತಗಳಿಂದಲೇ ಹೊಸದಾಗಿ ಮುದ್ರೆ ತೆಗೆದು ಹೋಲಿಸಬೇಕು. ಕಳುಹಿಸಿದ ಪಟ್ಟಿಯನ್ನೇ ನೋಡಿ 'ಸರಿಯಿದೆ' ಎಂದರೆ ಅದು ಪರೀಕ್ಷೆಯಲ್ಲ. ಪಟ್ಟಿಯ ಒಂದು ಪ್ರತಿಯನ್ನು ಕಾಗದದಲ್ಲಿ ಮುದ್ರಿಸಿ ಭಂಡಾರದ ದಾಖಲೆ ಪುಸ್ತಕದಲ್ಲಿ ಅಂಟಿಸಿಡಬೇಕು. ಆಚೆಯವರ ಸರ್ವರಿನ ಬೆರಳಚ್ಚನ್ನೂ ಅದೇ ಪುಟದಲ್ಲಿ ಬರೆದಿಡಬಹುದು. ಕಟ್ಟಿನ ಹತ್ತಾರು ಚಿತ್ರಗಳನ್ನು ಅಲ್ಲಲ್ಲಿ ಆರಿಸಿ ತೆರೆದು, ಅಕ್ಷರ ಓದಲು ಬರುತ್ತದೆಯೇ ಎಂದು ಲಿಪಿ ಬಲ್ಲವರೊಬ್ಬರು ನೋಡಿ ಸಹಿ ಹಾಕಬೇಕು. ಮೂಲ ಗಣಕದಲ್ಲಿರುವ ಚಿತ್ರಗಳನ್ನು ಅಳಿಸುವುದು ಈ ಸಹಿ ಬಿದ್ದು, ಮೂರನೆಯ ಪ್ರತಿಯೊಂದು ಬೇರೆ ಡಿಸ್ಕಿನಲ್ಲಿ ಸೇರಿದ ಬಳಿಕ.